ಕೋರ್ಟಿಗೆ ಹೋಗುವ ಮೊದಲು ಫೈಲು ಕಟ್ಟಿ: ಸರ್ಕಾರಿ ಆಸ್ಪತ್ರೆಯ ಗುತ್ತಿಗೆ ನೌಕರರಿಗೆ

"ಹದಿನಾಲ್ಕು ವರ್ಷ ಆಯ್ತು ಮೇಡಂ, ಇನ್ನೂ ಖಾಯಂ ಮಾಡಿಲ್ಲ, ಕೋರ್ಟಿಗೆ ಹೋದರೆ ಆಗುತ್ತಾ?" ನನಗೆ ಬರುವ ಫೋನುಗಳಲ್ಲಿ ಹೆಚ್ಚಿನವು ಶುರುವಾಗುವುದೇ ಹೀಗೆ. ಸ್ಟಾಫ್ ನರ್ಸ್, ಲ್ಯಾಬ್ ಟೆಕ್ನಿಷಿಯನ್, ಫಾರ್ಮಸಿಸ್ಟ್, ಡಿ ಗ್ರೂಪ್, ಆಂಬ್ಯುಲೆನ್ಸ್ ಡ್ರೈವರ್, ಡೇಟಾ ಎಂಟ್ರಿಯವರು, ಎಲ್ಲರದ್ದೂ ಇದೇ ಪ್ರಶ್ನೆ. ನಾನು ವಕೀಲೆ ಅಲ್ಲ. ಸರ್ಕಾರಿ ಆಸ್ಪತ್ರೆಯೊಂದರಲ್ಲಿ ವರ್ಷಗಟ್ಟಲೆ ಗುತ್ತಿಗೆ ಮೇಲೆ ಲ್ಯಾಬಿನಲ್ಲಿ ಕೆಲಸ ಮಾಡಿದವಳು. ನಮ್ಮ ಗುಂಪಿನ ಕೇಸಿನ ಫೈಲನ್ನು ಮೊದಲ ಪುಟದಿಂದ ಜೋಡಿಸಿದ್ದು ನಾನೇ, ಆಗ ಆದ ತಪ್ಪುಗಳೂ ನನಗೆ ಚೆನ್ನಾಗಿ ನೆನಪಿವೆ. ಮುಂದೆ ಹೋಗುವವರು ಅದೇ ತಪ್ಪು ಮಾಡಬಾರದು ಅಂತ ಇದನ್ನು ಬರೆಯುತ್ತಿದ್ದೇನೆ.

ಒಂದು ವಿಷಯ ಮೊದಲೇ ಹೇಳಿಬಿಡುತ್ತೇನೆ. ಎಷ್ಟು ವರ್ಷ ದುಡಿದಿರಿ ಅನ್ನುವುದೊಂದೇ ಸಾಕಾಗುವುದಿಲ್ಲ. ಒಳಗೆ ಹೇಗೆ ಬಂದಿರಿ, ಯಾವ ಹುದ್ದೆಯಲ್ಲಿ ಕೂತಿರಿ, ಅದಕ್ಕೆ ಕಾಗದ ಏನಿದೆ, ಕೋರ್ಟು ಕೇಳುವುದು ಇದನ್ನು. ಕಾಗದ ಕೂಡಿಸಬೇಕಾದ ಕಾಲ ನೀವಿನ್ನೂ ಡ್ಯೂಟಿಯಲ್ಲಿರುವಾಗಲೇ. ಕೆಲಸದಿಂದ ತೆಗೆದ ಮರುದಿನ ಅದೇ ಆಫೀಸಿನಲ್ಲಿ ನಿಮಗೆ ಒಂದು ಜೆರಾಕ್ಸ್ ಕೂಡ ಸಿಗುವುದಿಲ್ಲ.

ನೀವು ಯಾರ ನೌಕರರು?

ಪ್ರಶ್ನೆ ಸುಲಭ ಅನ್ನಿಸಬಹುದು. ಆದರೆ ಒಂದೇ ವಾರ್ಡಿನಲ್ಲಿ, ಒಂದೇ ಶಿಫ್ಟಿನಲ್ಲಿ ನಿಂತ ನಾಲ್ಕು ಜನ ನಾಲ್ಕು ಬೇರೆ ಬೇರೆ ಕಡೆಯಿಂದ ಸಂಬಳ ತೆಗೆದುಕೊಳ್ಳುತ್ತಿರುತ್ತಾರೆ. ಒಬ್ಬರನ್ನು ಆರೋಗ್ಯ ಇಲಾಖೆಯೇ ಖಾಲಿ ಹುದ್ದೆಗೆ ನೇರವಾಗಿ ಗುತ್ತಿಗೆ ಮೇಲೆ ತೆಗೆದುಕೊಂಡಿರುತ್ತದೆ. ಇನ್ನೊಬ್ಬರು ರಾಷ್ಟ್ರೀಯ ಆರೋಗ್ಯ ಅಭಿಯಾನದವರು, ಅಂದರೆ ಎನ್‌ಎಚ್‌ಎಂ; ಅವರ ಒಪ್ಪಂದ ಇರುವುದು ಇಲಾಖೆಯ ಜೊತೆಗಲ್ಲ, ಆರೋಗ್ಯ ಸೊಸೈಟಿಯ ಜೊತೆಗೆ. ಮೂರನೆಯವರಿಗೆ ಆಸ್ಪತ್ರೆ ಮಟ್ಟದ ಆರೋಗ್ಯ ರಕ್ಷಾ ಸಮಿತಿಯ ದುಡ್ಡಿನಿಂದ ಸಂಬಳ. ನಾಲ್ಕನೆಯವರು ಹೊರಗುತ್ತಿಗೆ, ಏಜೆನ್ಸಿ ಮೂಲಕ ಬಂದವರು. ಆಸ್ಪತ್ರೆ ಸ್ವಾಯತ್ತ ಸಂಸ್ಥೆಯದ್ದಾದರೆ ನಿಯಮವೇ ಬೇರೆ.

ಹಾಗಾಗಿ ಮೊದಲ ಕೆಲಸ ಇಷ್ಟು. ನಿಮ್ಮ ನೇಮಕಾತಿ ಆದೇಶ ಅಥವಾ ಒಪ್ಪಂದದಲ್ಲಿ ಸಹಿ ಹಾಕಿದವರು ಯಾರು ಅಂತ ನೋಡಿ. ಬ್ಯಾಂಕ್ ಪಾಸ್‌ಬುಕ್ಕಿನಲ್ಲಿ ಸಂಬಳ ಯಾರ ಖಾತೆಯಿಂದ ಬಂದಿದೆ ನೋಡಿ. ಪಿಎಫ್ ಪಾಸ್‌ಬುಕ್ಕಿನಲ್ಲಿ ಯಾರ ಹೆಸರಿದೆ ನೋಡಿ. ಈ ಮೂರೂ ಒಂದೇ ಆಗಿದ್ದರೆ ದಾರಿ ಸಲೀಸು. ಬೇರೆ ಬೇರೆ ಇದ್ದರೆ ಅದನ್ನೇ ಒಂದು ಹಾಳೆಯಲ್ಲಿ ವರ್ಷವಾರು ಬರೆದುಕೊಳ್ಳಿ, ವಕೀಲರಿಗೆ ಅತಿ ಮುಖ್ಯವಾದ ಹಾಳೆ ಅದೇ.

ಕೋರ್ಟು ಏನು ನೋಡುತ್ತದೆ

ಇಲ್ಲಿ ಸ್ವಲ್ಪ ತಾಳ್ಮೆಯಿಂದ ಓದಿ. ಎದುರು ಪಕ್ಷದ ವಕೀಲರು ಎದ್ದು ನಿಂತ ಕೂಡಲೇ ಹೇಳುವ ಹೆಸರು ಉಮಾದೇವಿ. ಆ ಕೇಸು ನಮ್ಮ ಕರ್ನಾಟಕದ್ದೇ, ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರದ್ದು. 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಐದು ನ್ಯಾಯಮೂರ್ತಿಗಳ ಸಂವಿಧಾನ ಪೀಠ ತೀರ್ಪು ಕೊಟ್ಟಿತು. ಸಾರ ಇಷ್ಟೇ: ಸರ್ಕಾರಿ ಕೆಲಸಕ್ಕೆ ಎಲ್ಲರಿಗೂ ಸಮಾನ ಅವಕಾಶ ಇರಬೇಕು, ಆದ್ದರಿಂದ ನೇಮಕಾತಿ ನಿಯಮ ಪಾಲಿಸದೆ ಬಂದವರು ಬಹಳ ವರ್ಷ ದುಡಿದರು ಅನ್ನುವ ಒಂದೇ ಕಾರಣಕ್ಕೆ ಖಾಯಂ ಕೇಳುವ ಹಕ್ಕು ಇಲ್ಲ.

ಇದನ್ನು ಕೇಳಿ ಎಷ್ಟೋ ಜನ ಅಲ್ಲೇ ಕೈಚೆಲ್ಲಿದ್ದನ್ನು ನೋಡಿದ್ದೇನೆ. ಆದರೆ ಅದೇ ತೀರ್ಪಿನ 53ನೇ ಪ್ಯಾರಾ ಓದಬೇಕು. ಅಲ್ಲಿ ಅಕ್ರಮ ನೇಮಕಾತಿ ಬೇರೆ, ಕ್ರಮದಲ್ಲಿ ಲೋಪ ಇರುವ ನೇಮಕಾತಿ ಬೇರೆ ಅಂತ ವ್ಯತ್ಯಾಸ ಮಾಡಿದ್ದಾರೆ. ಮಂಜೂರಾದ ಹುದ್ದೆ, ಅದು ಖಾಲಿ ಇತ್ತು, ನಿಮಗೆ ಅದರ ವಿದ್ಯಾರ್ಹತೆ ಇತ್ತು, ಕೋರ್ಟಿನ ಆದೇಶದ ಆಸರೆ ಇಲ್ಲದೆ ಹತ್ತು ವರ್ಷ ಅಥವಾ ಜಾಸ್ತಿ ಕೆಲಸ ಮಾಡಿದ್ದೀರಿ, ಅಂಥವರನ್ನು ಒಂದು ಬಾರಿಯ ಕ್ರಮವಾಗಿ ಸಕ್ರಮ ಮಾಡಿ ಅಂತ ಸರ್ಕಾರಗಳಿಗೆ ಹೇಳಿತ್ತು. 2010ರಲ್ಲಿ ಎಂ.ಎಲ್. ಕೇಸರಿ ಕೇಸಿನಲ್ಲಿ, ಅದೂ ಕರ್ನಾಟಕದ್ದೇ, ಆ ಒಂದು ಬಾರಿಯ ಕ್ರಮದಲ್ಲಿ ಅರ್ಹರಾದ ಪ್ರತಿಯೊಬ್ಬರನ್ನೂ ಪರಿಗಣಿಸುವವರೆಗೆ ಅದು ಮುಗಿದಂತೆ ಆಗುವುದಿಲ್ಲ ಅಂತ ಸುಪ್ರೀಂ ಕೋರ್ಟ್ ಸ್ಪಷ್ಟ ಮಾಡಿತು. ಇಲ್ಲಿ ಒಂದು ತೊಡಕಿದೆ: ಆ ಹತ್ತು ವರ್ಷ ಲೆಕ್ಕ ಹಾಕುವುದು 2006ರ ಏಪ್ರಿಲ್ 10ಕ್ಕೆ. ನಮ್ಮಲ್ಲಿ ಹೆಚ್ಚಿನವರು ಕೆಲಸಕ್ಕೆ ಸೇರಿದ್ದೇ ಅದರ ನಂತರ, ಎನ್‌ಆರ್‌ಎಚ್‌ಎಂ (ಎನ್‌ಎಚ್‌ಎಂಗೆ ಮೊದಲಿದ್ದ ಯೋಜನೆ) ಶುರುವಾದದ್ದೇ 2005ರಲ್ಲಿ.

ಹಾಗಾದರೆ 2006ರ ನಂತರ ಬಂದವರಿಗೆ ಬಾಗಿಲು ಮುಚ್ಚಿತಾ? ಇಲ್ಲ. ಈಚಿನ ಮೂರು ತೀರ್ಪುಗಳ ಹೆಸರು ಬರೆದಿಟ್ಟುಕೊಳ್ಳಿ. 2024ರ ಡಿಸೆಂಬರ್ 20ರ ಜಗ್ಗೋ ತೀರ್ಪು, ಅದು ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ಗುಡಿಸುವ, ಗಿಡ ನೋಡಿಕೊಳ್ಳುವ ಕೆಲಸದವರದ್ದು. 2025ರ ಜನವರಿ 31ರ ಶ್ರೀಪಾಲ್ ತೀರ್ಪು, ಗಾಜಿಯಾಬಾದ್ ನಗರಪಾಲಿಕೆಯ ಮಾಲಿಗಳದ್ದು. 2025ರ ಆಗಸ್ಟ್ 19ರ ಧರಮ್ ಸಿಂಗ್ ತೀರ್ಪು, ಉತ್ತರ ಪ್ರದೇಶದ ಉನ್ನತ ಶಿಕ್ಷಣ ಸೇವಾ ಆಯೋಗದ ದಿನಗೂಲಿಗಳದ್ದು.

ಜಗ್ಗೋ ತೀರ್ಪಿನಲ್ಲಿ ಕೋರ್ಟು ಹೇಳಿದ ಮಾತು ನಮಗೆ ತುಂಬಾ ಬೇಕಾದದ್ದು. ಗುತ್ತಿಗೆ, ಅರೆಕಾಲಿಕ ಅನ್ನುವ ಹೆಸರು ನೋಡಬೇಡಿ, ಕೆಲಸ ನಿಜವಾಗಿ ಎಂಥದ್ದು ಅಂತ ನೋಡಿ. ಕಚೇರಿ ನಡೆಯಲು ವರ್ಷವಿಡೀ ಬೇಕೇ ಬೇಕಾದ ಕೆಲಸವನ್ನು ದಶಕಗಟ್ಟಲೆ ಒಬ್ಬರ ಕೈಲೇ ಮಾಡಿಸಿಕೊಂಡು ಆಮೇಲೆ ಉಮಾದೇವಿ ತೀರ್ಪನ್ನು ಅವರ ಮೇಲೆಯೇ ಅಸ್ತ್ರ ಮಾಡಿಕೊಳ್ಳಬೇಡಿ. ಕೆಲಸದಿಂದ ತೆಗೆದದ್ದನ್ನು ರದ್ದು ಮಾಡಿ ಅವರನ್ನು ಸಕ್ರಮ ಮಾಡಿದರು. ಆದರೆ ಕೆಲಸ ಇಲ್ಲದೆ ಕಳೆದ ಕಾಲಕ್ಕೆ ಸಂಬಳ ಕೊಡಿಸಲಿಲ್ಲ, ಸೇವೆ ಮುಂದುವರಿದಂತೆ ಲೆಕ್ಕ ಹಾಕಲು ಮಾತ್ರ ಹೇಳಿದರು. ಇದನ್ನು ಈಗಲೇ ತಿಳಿದುಕೊಂಡಿರಿ. "ಗೆದ್ದರೆ ಹಳೆ ಸಂಬಳ ಎಲ್ಲಾ ಬಡ್ಡಿ ಸಮೇತ ಬರುತ್ತೆ" ಅಂತ ಯಾರಾದರೂ ಹೇಳಿದರೆ ನಂಬಬೇಡಿ.

ಧರಮ್ ಸಿಂಗ್ ತೀರ್ಪು ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ದುಡ್ಡಿಲ್ಲ ಅನ್ನುವ ಒಂದೇ ಮಾತನ್ನು ಸರ್ಕಾರ ಎಲ್ಲದಕ್ಕೂ ಉತ್ತರ ಮಾಡಿಕೊಳ್ಳುವಂತಿಲ್ಲ ಅಂದಿತು. ಖಾಲಿ ಹುದ್ದೆ ಇಲ್ಲದಿದ್ದರೆ ಹೆಚ್ಚುವರಿ ಹುದ್ದೆ ಸೃಷ್ಟಿ ಮಾಡಿ ಅಂತ ಹೇಳಿತು. ಇಲಾಖೆಗಳು ಹಾಜರಿ, ಸಿಬ್ಬಂದಿ ಮತ್ತು ಹೊರಗುತ್ತಿಗೆಯ ದಾಖಲೆಗಳನ್ನು ಸರಿಯಾಗಿ ಇಟ್ಟು ಕೋರ್ಟಿನ ಮುಂದೆ ತರಬೇಕು ಅಂತಲೂ ಹೇಳಿತು. ಈ ಕೊನೆಯ ಮಾತನ್ನು ನಾನು ಹಳದಿ ಪೆನ್ನಿನಲ್ಲಿ ಗುರುತು ಮಾಡಿಟ್ಟಿದ್ದೇನೆ. "ಹಳೆ ರಿಜಿಸ್ಟರ್ ಸಿಗ್ತಿಲ್ಲ" ಅನ್ನುವ ಉತ್ತರವನ್ನು ನಮ್ಮಲ್ಲಿ ಕೇಳದವರು ಯಾರಿದ್ದಾರೆ?

ಇಷ್ಟೆಲ್ಲಾ ಇದ್ದರೂ ಉಮಾದೇವಿ ತೀರ್ಪು ಹೋಗಿಲ್ಲ, ಅದು ಸಂವಿಧಾನ ಪೀಠದ್ದು. ಎರಡೂ ಬಗೆಯ ತೀರ್ಪುಗಳು ಜೊತೆಗೇ ಇವೆ. ನಿಮ್ಮ ಕೇಸು ಯಾವ ಕಡೆ ವಾಲುತ್ತದೆ ಅನ್ನುವುದು ನಿಮ್ಮ ದಾಖಲೆ ಮೇಲೆ ನಿಂತಿದೆ.

ಹೊರಗುತ್ತಿಗೆಯವರಿಗೆ ಬೇರೆಯೇ ಮಾತು ಹೇಳಬೇಕು, ಸುಳ್ಳು ಭರವಸೆ ಕೊಡುವುದಿಲ್ಲ. ನಿಮ್ಮ ದಾರಿ ಕಷ್ಟದ್ದು. 2001ರ ಆಗಸ್ಟ್ 30ರ ಸ್ಟೀಲ್ ಅಥಾರಿಟಿ ತೀರ್ಪಿನ ಪ್ರಕಾರ ಗುತ್ತಿಗೆ ಪದ್ಧತಿ ನಿಷೇಧಿಸಿದರೂ ಕಾರ್ಮಿಕರು ತಾವಾಗಿಯೇ ಮೂಲ ಸಂಸ್ಥೆಯ ನೌಕರರಾಗುವುದಿಲ್ಲ. ಆದರೆ ಏಜೆನ್ಸಿ ಬರೀ ಹೆಸರಿಗಷ್ಟೇ, ನಿಜವಾದ ಮಾಲೀಕರು ಆಸ್ಪತ್ರೆಯೇ ಅಂತ ತೋರಿಸಿದರೆ ಮಾತು ಬೇರೆ. ಅದನ್ನು ಸಾಕ್ಷಿ ಸಮೇತ ತೀರ್ಮಾನ ಮಾಡುವ ಜಾಗ ಹೈಕೋರ್ಟು ಅಲ್ಲ, ಕೈಗಾರಿಕಾ ನ್ಯಾಯಾಧಿಕರಣ. ಡ್ಯೂಟಿ ಹಾಕುವವರು ಯಾರು, ರಜೆ ಕೊಡುವವರು ಯಾರು, ಮೆಮೊ ಕೊಡುವವರು ಯಾರು, ಏಜೆನ್ಸಿ ಬದಲಾದಾಗ ನೀವು ಅದೇ ವಾರ್ಡಿನಲ್ಲಿ ಉಳಿದಿರಾ, ಅಲ್ಲಿ ತೂಕ ಬರುವುದು ಈ ಪ್ರಶ್ನೆಗಳಿಗೆ.

ಇನ್ನು "240 ದಿನ ಆದರೆ ಖಾಯಂ" ಅನ್ನುವ ಮಾತು. ಇದು ತಪ್ಪು. ಒಂದು ವರ್ಷದಲ್ಲಿ 240 ದಿನ ಕೆಲಸ ಮಾಡಿದ್ದರೆ ನೋಟಿಸು, ಪರಿಹಾರ ಕೊಡದೆ ಸುಮ್ನೆ ತೆಗೆದುಹಾಕುವಂತಿಲ್ಲ ಅನ್ನುವ ರಕ್ಷಣೆ ಕಾರ್ಮಿಕ ಕಾನೂನಿನಲ್ಲಿ ಸಿಗುತ್ತದೆ. ಹುದ್ದೆ ಸಿಗುವುದಿಲ್ಲ.

ಕಾಗದ ಕೂಡಿಸುವುದು

ನಮ್ಮ ಜೊತೆ ಹೆರಿಗೆ ವಾರ್ಡಿನಲ್ಲಿ ಡಿ ಗ್ರೂಪ್ ಕೆಲಸದ ಅಕ್ಕ ಒಬ್ಬರಿದ್ದರು. ಕೇಸಿಗೆ ದಾಖಲೆ ತನ್ನಿ ಅಂದಾಗ ಸೀರೆ ಅಂಗಡಿಯ ಒಂದು ಪ್ಲಾಸ್ಟಿಕ್ ಕವರ್ ತಂದು ಟೇಬಲ್ ಮೇಲೆ ಸುರಿದರು. ಐದು ಐಡಿ ಕಾರ್ಡು. ಐದು ಬೇರೆ ಏಜೆನ್ಸಿಗಳ ಹೆಸರು, ಐದು ಬಣ್ಣದ ದಾರ, ಐದರಲ್ಲೂ ಒಂದೇ ಹಳೆ ಫೋಟೊ, ಕೆಳಗೆ ಒಂದೇ ಆಸ್ಪತ್ರೆ ಹೆಸರು. ಅವರಿಗೆ ಓದಲು ಬರುವುದಿಲ್ಲ, ಆದರೆ ಒಂದನ್ನೂ ಎಸೆದಿರಲಿಲ್ಲ. ಏಜೆನ್ಸಿ ಬದಲಾಯಿತು, ನಾನು ಬದಲಾಗಲಿಲ್ಲ ಅಂತ ಹೇಳಲು ಅದಕ್ಕಿಂತ ಗಟ್ಟಿ ಸಾಕ್ಷಿ ನಮ್ಮ ಇಡೀ ಫೈಲಿನಲ್ಲಿ ಇರಲಿಲ್ಲ.

ನನ್ನ ಹತ್ತಿರ ಅಷ್ಟು ಇರಲಿಲ್ಲ. ಮೊದಲ ನಾಲ್ಕು ವರ್ಷದ ಹಾಜರಿ ಪುಸ್ತಕಗಳನ್ನು ಹೊಸ ಕಟ್ಟಡಕ್ಕೆ ಹೋಗುವಾಗ ರದ್ದಿಗೆ ಹಾಕಿದ್ದರು. ನನ್ನನ್ನು ಉಳಿಸಿದ್ದು ಲ್ಯಾಬಿನ ಚಾರ್ಜ್ ಪುಸ್ತಕ, ಅಂದರೆ ಶಿಫ್ಟ್ ಮುಗಿದಾಗ ಮುಂದಿನವರಿಗೆ ಒಪ್ಪಿಸಿ ಸಹಿ ಹಾಕುವ ಪುಸ್ತಕ. ಅದು ಯಾರ ಕಣ್ಣಿಗೂ ಬೀಳದೆ ಒಂದು ಕಪಾಟಿನಲ್ಲಿತ್ತು, ಪ್ರತಿ ತಿಂಗಳೂ ನನ್ನ ಸಹಿ, ದಿನಾಂಕ, ಸಮಯ ಅದರಲ್ಲಿತ್ತು. ಅದರ ಪ್ರತಿಯನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ ಪಡೆದೆವು.

ಆದ್ದರಿಂದ ಹಾಜರಿ ಪುಸ್ತಕ ಒಂದನ್ನೇ ನೆಚ್ಚಿಕೊಳ್ಳಬೇಡಿ. ನೇಮಕಾತಿ ಪ್ರಕಟಣೆಯ ಪೇಪರ್ ಕಟಿಂಗ್, ಸಂದರ್ಶನ ಪತ್ರ, ಮೆರಿಟ್ ಪಟ್ಟಿ ಇದ್ದರೆ ಅದು ಚಿನ್ನ. ಎಲ್ಲರಿಗೂ ಅರ್ಜಿ ಕರೆದು, ಮೀಸಲಾತಿ ನೋಡಿ, ಆಯ್ಕೆ ಮಾಡಿದ್ದರು ಅಂದರೆ "ಹಿಂಬಾಗಿಲಿನಿಂದ ಬಂದವರು" ಅನ್ನುವ ವಾದ ಅಲ್ಲಿಗೇ ನಿಂತುಹೋಗುತ್ತದೆ. ಆಮೇಲೆ ಪ್ರತಿ ವರ್ಷದ ನವೀಕರಣ ಆದೇಶ, ಡ್ಯೂಟಿ ಪಟ್ಟಿ, ಕೋವಿಡ್ ಡ್ಯೂಟಿ ಆದೇಶ, ಪೋಲಿಯೊ ಹಾಕುವ ದಿನದ ನಿಯೋಜನೆ, ತರಬೇತಿ ಪ್ರಮಾಣಪತ್ರ, ಕೊಟ್ಟಿದ್ದರೆ ಮೆಮೊ ಕೂಡ. ಮೆಮೊ ಇದ್ದರೆ ನಾಚಿಕೆ ಪಡಬೇಡಿ, ನಿಮ್ಮ ಮೇಲೆ ಅಧಿಕಾರ ಇದ್ದದ್ದು ಯಾರಿಗೆ ಅಂತ ಅದು ತೋರಿಸುತ್ತದೆ. ಬ್ಯಾಂಕಿನಿಂದ ಸೇರಿದ ದಿನದಿಂದ ಸ್ಟೇಟ್‌ಮೆಂಟ್ ತೆಗೆಸಿ. ಪಿಎಫ್ ಪಾಸ್‌ಬುಕ್ಕನ್ನು ಯುಎಎನ್ (ನಿಮ್ಮ ಪಿಎಫ್ ನಂಬರ್) ಹಾಕಿ ಡೌನ್‌ಲೋಡ್ ಮಾಡಿ, ಇಎಸ್‌ಐ ಇದ್ದರೆ ಅದರ ವಿವರವನ್ನೂ.

ಎನ್‌ಎಚ್‌ಎಂನವರಿಗೆ ಇನ್ನೊಂದು ಮಾತು. 11 ತಿಂಗಳ ಒಪ್ಪಂದ, ನಡುವೆ ಒಂದು ದಿನ ಬ್ರೇಕ್. ಆ ಒಂದು ದಿನವನ್ನೇ ತೋರಿಸಿ "ಇವರ ಸೇವೆ ನಿರಂತರ ಅಲ್ಲ" ಅಂತ ವಾದ ಮಾಡುತ್ತಾರೆ. ಆ ದಿನವೂ ನೀವು ಕೆಲಸ ಮಾಡಿದ್ದರೆ ಅದಕ್ಕೆ ಗುರುತು ಹುಡುಕಿ. ನಮ್ಮಲ್ಲಿ ಬ್ರೇಕ್ ದಿನ ಹಾಜರಿ ಪುಸ್ತಕದಲ್ಲಿ ಗೆರೆ ಎಳೆಯುತ್ತಿದ್ದರು, ಆದರೆ ಅದೇ ದಿನದ ರಿಪೋರ್ಟುಗಳಲ್ಲಿ ನಮ್ಮ ಸಹಿ ಇರುತ್ತಿತ್ತು. ಒಪ್ಪಂದದಲ್ಲಿ "ಖಾಯಂಗೆ ಹಕ್ಕು ಕೇಳುವುದಿಲ್ಲ" ಅನ್ನುವ ಸಾಲು ಇರುತ್ತದೆ, ಅದಕ್ಕೆ ಸಹಿ ಹಾಕಿದ್ದೀರಿ ಅಂತ ಎದೆಗುಂದಬೇಡಿ. ಆದರೆ ಸಹಿ ಹಾಕಿದ ಪ್ರತಿ ಒಪ್ಪಂದದ ಪ್ರತಿ ನಿಮ್ಮ ಹತ್ತಿರ ಇರಲಿ. ಅವತ್ತೇ ಫೋಟೊ ತೆಗೆದುಕೊಳ್ಳಿ.

ಡ್ಯೂಟಿ ವಾಟ್ಸಾಪ್ ಗ್ರೂಪಿನ ಸಂದೇಶಗಳೂ ಸಾಕ್ಷಿಯೇ. ಅವನ್ನು ಕೋರ್ಟಿಗೆ ಕೊಡುವಾಗ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಬೇಕಾಗುತ್ತದೆ, ಹಾಗಾಗಿ ಸ್ಕ್ರೀನ್‌ಶಾಟ್ ತೆಗೆದು ಹಳೆ ಫೋನ್ ಮಾರಿಬಿಡಬೇಡಿ.

ಎರಡು ಕೆಲಸ ಮಾತ್ರ ಯಾವತ್ತೂ ಮಾಡಬೇಡಿ. ಮೂಲ ರಿಜಿಸ್ಟರನ್ನು ಮನೆಗೆ ತರಬೇಡಿ, ಅದು ಕಳ್ಳತನದ ಕೇಸಾಗುತ್ತದೆ. ರೋಗಿಯ ಹೆಸರು, ಕಾಯಿಲೆ ಇರುವ ಪುಟದ ಫೋಟೊ ತೆಗೆಯಬೇಡಿ. ನಮ್ಮ ಹಕ್ಕು ಕೇಳಲು ಹೋಗಿ ಅವರ ಗುಟ್ಟು ಬಯಲು ಮಾಡುವುದು ತಪ್ಪು.

ಮಾಹಿತಿ ಹಕ್ಕಿನ ಅರ್ಜಿ

ಸಿಗದ ದಾಖಲೆಗೆ ಇದೇ ದಾರಿ. 10 ರೂಪಾಯಿ ಶುಲ್ಕ, ಬಿಪಿಎಲ್ ಕಾರ್ಡು ಇದ್ದರೆ ಅದೂ ಇಲ್ಲ. 30 ದಿನದಲ್ಲಿ ಉತ್ತರ ಕೊಡಬೇಕು. ಕೊಡದಿದ್ದರೆ ಅಥವಾ ಉತ್ತರ ಸರಿ ಇಲ್ಲದಿದ್ದರೆ 30 ದಿನದೊಳಗೆ ಮೊದಲ ಮೇಲ್ಮನವಿ, ಅಲ್ಲೂ ಆಗದಿದ್ದರೆ 90 ದಿನದೊಳಗೆ ಮಾಹಿತಿ ಆಯೋಗಕ್ಕೆ. ಕರ್ನಾಟಕದಲ್ಲಿ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದಗಳ ಒಳಗೆ ಅನ್ನುವ ನಿಯಮ ಇದೆ. ನಮ್ಮ ಮೊದಲ ಅರ್ಜಿ ಮೂರು ಪುಟ ಇತ್ತು, ವಾಪಸ್ ಬಂತು, ಒಂದೂವರೆ ತಿಂಗಳು ಹಾಳಾಯಿತು. ಆದ್ದರಿಂದ ಬಿಡಿ ಬಿಡಿಯಾಗಿ ಕೇಳಿ. ಹೀಗೆ:

"ಈ ಆಸ್ಪತ್ರೆಯಲ್ಲಿ 2012ರಿಂದ ಇಲ್ಲಿಯವರೆಗೆ ಮಂಜೂರಾದ ಲ್ಯಾಬ್ ಟೆಕ್ನಿಷಿಯನ್ ಹುದ್ದೆಗಳೆಷ್ಟು, ಭರ್ತಿಯಾದದ್ದೆಷ್ಟು, ಖಾಲಿ ಎಷ್ಟು, ವರ್ಷವಾರು ದೃಢೀಕೃತ ಮಾಹಿತಿ ಕೊಡಿ."

ಇನ್ನೊಂದು ಅರ್ಜಿಯಲ್ಲಿ ನಿಮ್ಮದೇ ಹಾಜರಿ. ಮತ್ತೊಂದರಲ್ಲಿ ನೀವು ಆಯ್ಕೆಯಾದ ನೇಮಕಾತಿಯ ಪ್ರಕಟಣೆ ಮತ್ತು ಆಯ್ಕೆ ಪಟ್ಟಿ. ಇನ್ನೊಂದರಲ್ಲಿ ಏಜೆನ್ಸಿಯ ಜೊತೆಗಿನ ಒಪ್ಪಂದ. "ಯಾಕೆ ಖಾಯಂ ಮಾಡಿಲ್ಲ?" ಅಂತ ಕೇಳಬೇಡಿ, ಕಾರಣ ಹುಡುಕಿ ಹೇಳುವುದು ಅವರ ಕೆಲಸ ಅಲ್ಲ ಅಂತ ಬರೆದು ಮುಗಿಸುತ್ತಾರೆ. ಇರುವ ದಾಖಲೆಯನ್ನೇ ಕೇಳಿ. "ದಾಖಲೆ ಲಭ್ಯವಿಲ್ಲ" ಅಂತ ಸಹಿ ಮಾಡಿ ಕೊಟ್ಟರೂ ಬೇಸರ ಬೇಡ, ಆ ಕಾಗದವನ್ನೂ ಫೈಲಿಗೆ ಹಾಕಿ. ದಾಖಲೆ ಇಡಬೇಕಾದವರು ಇಟ್ಟಿಲ್ಲ ಅಂತ ನಾಳೆ ಕೋರ್ಟಿನಲ್ಲಿ ತೋರಿಸಲು ಬೇಕಾಗುತ್ತದೆ.

ಮನವಿ, ಹಿಂಬರಹ, ಗಡುವು

ನೇರ ಕೋರ್ಟಿಗೆ ಓಡಬೇಡಿ. ಮೊದಲು ಅಧಿಕಾರ ಇರುವವರಿಗೆ ಮನವಿ ಕೊಡಿ: ಇಲಾಖೆಯ ಆಯುಕ್ತರು, ಮಿಷನ್ ನಿರ್ದೇಶಕರು, ಸಂಸ್ಥೆಯ ನಿರ್ದೇಶಕರು, ನಿಮಗೆ ಯಾರು ಅನ್ವಯವೋ ಅವರಿಗೆ. ಎರಡು ಪುಟ ಸಾಕು. ಸೇರಿದ ದಿನ, ಆಯ್ಕೆಯಾದ ರೀತಿ, ವಿದ್ಯಾರ್ಹತೆ, ಖಾಲಿ ಹುದ್ದೆಯ ವಿವರ, ಏನು ಕೇಳುತ್ತಿದ್ದೀರಿ ಅನ್ನುವುದು. ಟಪಾಲು ವಿಭಾಗದಲ್ಲಿ ಕೊಟ್ಟು ನಿಮ್ಮ ಪ್ರತಿಯ ಮೇಲೆ ಮೊಹರು, ದಿನಾಂಕ ಹಾಕಿಸಿಕೊಳ್ಳಿ. ಹಾಕದಿದ್ದರೆ ಸ್ಪೀಡ್ ಪೋಸ್ಟ್ ಮಾಡಿ ರಸೀದಿ ಇಟ್ಟುಕೊಳ್ಳಿ.

ಅವರು ತಿರಸ್ಕರಿಸಿ ಹಿಂಬರಹ, ಅಂದರೆ ಬರಹದಲ್ಲಿ ಉತ್ತರ, ಕೊಟ್ಟರೆ ಆ ದಿನಾಂಕವನ್ನು ಕ್ಯಾಲೆಂಡರಿನಲ್ಲಿ ಕೆಂಪಗೆ ಬರೆಯಿರಿ. ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಅಂದರೆ ಕೆಎಸ್‌ಎಟಿಗೆ ಹೋಗಬೇಕಾದ ಕೇಸಾದರೆ ಅಂಥ ಆದೇಶದಿಂದ ಒಂದು ವರ್ಷ ಮಾತ್ರ ಕಾಲ. ಉತ್ತರವೇ ಬರದಿದ್ದರೆ ಆರು ತಿಂಗಳು ಕಾಯಿರಿ, ಅಲ್ಲಿಂದ ಒಂದು ವರ್ಷ. ಮನವಿ ಮೇಲೆ ಮನವಿ ಕೊಡುತ್ತಾ ಹೋದರೆ ಗಡುವು ಬೆಳೆಯುತ್ತದೆ ಅಂದುಕೊಳ್ಳಬೇಡಿ, ಬೆಳೆಯುವುದಿಲ್ಲ. ಈ ಒಂದು ತಪ್ಪಿನಿಂದ ಒಳ್ಳೆಯ ಕೇಸುಗಳು ಬಾಗಿಲಲ್ಲೇ ಬಿದ್ದುಹೋಗುತ್ತವೆ. ಹೈಕೋರ್ಟಿನ ರಿಟ್‌ಗೆ (ಸರ್ಕಾರದ ವಿರುದ್ಧ ನೇರ ಹೈಕೋರ್ಟಿಗೆ ಹಾಕುವ ಅರ್ಜಿಗೆ) ಹೀಗೆ ಲೆಕ್ಕದ ಗಡುವು ಇಲ್ಲ, ಆದರೆ "ಇಷ್ಟು ವರ್ಷ ಏನು ಮಾಡುತ್ತಿದ್ದಿರಿ?" ಅನ್ನುವ ಪ್ರಶ್ನೆ ಅಲ್ಲೂ ಬರುತ್ತದೆ.

ಕಾರ್ಮಿಕ ಕಾನೂನಿನ ದಾರಿ ಹಿಡಿಯುವವರು ಇನ್ನೂ ಹುಷಾರಾಗಿರಬೇಕು. 2025ರ ನವೆಂಬರ್ 21ರಿಂದ ಹೊಸ ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. ಕೆಲಸದಿಂದ ತೆಗೆದವರು ನೇರವಾಗಿ ಅರ್ಜಿ ಹಾಕಲು ಹಳೆ ಕಾನೂನಿನಲ್ಲಿ ಮೂರು ವರ್ಷ ಇತ್ತು, ಹೊಸದರಲ್ಲಿ ಎರಡೇ ವರ್ಷ. ನಿಮಗೆ ಯಾವುದು ಅನ್ವಯ ಅಂತ ಮೊದಲ ದಿನವೇ ವಕೀಲರನ್ನು ಕೇಳಿ.

ಎಲ್ಲಿಗೆ ಹೋಗಬೇಕು, ಯಾರನ್ನು ಹಿಡಿಯಬೇಕು

ಸಾಮಾನ್ಯವಾಗಿ ಇಲಾಖೆಯ ಹುದ್ದೆಯಲ್ಲಿ ಕೂತವರು ಕೆಎಸ್‌ಎಟಿಗೆ, ಸೊಸೈಟಿ ಮತ್ತು ಸ್ವಾಯತ್ತ ಸಂಸ್ಥೆಯವರು ಹೈಕೋರ್ಟಿಗೆ, ಏಜೆನ್ಸಿಯವರು ಕಾರ್ಮಿಕ ಇಲಾಖೆಯ ಸಂಧಾನ ಅಧಿಕಾರಿಯ ಮೂಲಕ ನ್ಯಾಯಾಧಿಕರಣಕ್ಕೆ. ಕೆಎಸ್‌ಎಟಿ ಬೆಂಗಳೂರು, ಬೆಳಗಾವಿ, ಕಲಬುರಗಿಯಲ್ಲಿದೆ. ಹೈಕೋರ್ಟಿಗೆ ಗದಗ, ಹಾವೇರಿ ಕಡೆಯವರು ಧಾರವಾಡ ಪೀಠಕ್ಕೆ, ಬೀದರ್, ರಾಯಚೂರು ಕಡೆಯವರು ಕಲಬುರಗಿ ಪೀಠಕ್ಕೆ ಹೋಗಬೇಕು. ತಪ್ಪು ಜಾಗದಲ್ಲಿ ಹಾಕಿದರೆ ಎರಡು ಮೂರು ವರ್ಷದ ನಂತರ "ನಮಗೆ ವ್ಯಾಪ್ತಿ ಇಲ್ಲ" ಅಂತ ಆದೇಶ ಬರಬಹುದು, ಆ ನೋವು ಬೇಡ.

ವಕೀಲರು ಸೇವಾ ವಿಷಯದ ಕೇಸು ನಡೆಸುವವರೇ ಆಗಿರಬೇಕು. ಊರಿನಲ್ಲಿ ಜಮೀನಿನ ಕೇಸು ಚೆನ್ನಾಗಿ ನಡೆಸುತ್ತಾರೆ ಅಂತ ಇದನ್ನೂ ಅವರಿಗೇ ಕೊಡಬೇಡಿ. ಫೀಸು ಎಷ್ಟು, ಯಾವ ಹಂತದವರೆಗೆ ಅಂತ ಬರೆಸಿಕೊಳ್ಳಿ, ರಸೀದಿ ಕೇಳಿ. ದುಡ್ಡಿಲ್ಲದಿದ್ದರೆ ಉಚಿತ ಕಾನೂನು ನೆರವು ಇದೆ. 1987ರ ಕಾನೂನು ಸೇವಾ ಪ್ರಾಧಿಕಾರ ಕಾಯ್ದೆಯಲ್ಲಿ ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಕೈಗಾರಿಕಾ ಕಾರ್ಮಿಕರಿಗೆ ಆದಾಯ ನೋಡದೆ ಈ ನೆರವು ಸಿಗುತ್ತದೆ. ಆಸ್ಪತ್ರೆ ಕೆಲಸದಲ್ಲಿ ಹೆಂಗಸರೇ ಜಾಸ್ತಿ, ಆದರೂ ಇದು ಗೊತ್ತಿರುವವರು ಕಡಿಮೆ. ಜಿಲ್ಲಾ ಕೋರ್ಟಿನ ಆವರಣದಲ್ಲೇ ಪ್ರಾಧಿಕಾರದ ಕಚೇರಿ ಇರುತ್ತದೆ. 15100ಕ್ಕೆ ಫೋನ್ ಮಾಡಿದರೂ ಆಗುತ್ತದೆ.

"ತಲೆಗೆ ಇಷ್ಟು ಕೊಡಿ, ಮೇಲೆ ಮಾತಾಡಿದ್ದೇವೆ, ಆದೇಶ ತರುತ್ತೇವೆ" ಅನ್ನುವವರು ಪ್ರತಿ ಜಿಲ್ಲೆಯಲ್ಲೂ ಇದ್ದಾರೆ. ಅವರಿಗೆ ಒಂದು ರೂಪಾಯಿ ಕೊಡಬೇಡಿ. ಕೇಸು ಹಾಕಿದ್ದರೆ ಅದಕ್ಕೆ ನಂಬರ್ ಇರುತ್ತದೆ, ಇಕೋರ್ಟ್ಸ್ ಆ್ಯಪಿನಲ್ಲಿ ಸಿಎನ್‌ಆರ್ ನಂಬರ್ (ಪ್ರತಿ ಕೇಸಿಗೂ ಕೊಡುವ ಗುರುತಿನ ಸಂಖ್ಯೆ) ಹಾಕಿ ಹೈಕೋರ್ಟಿನ ಕೇಸಿನ ಸ್ಥಿತಿಯನ್ನು ನೀವೇ ನೋಡಬಹುದು.

ಗುಂಪಾಗಿ ಹೋಗುವುದು ಒಳ್ಳೆಯದು, ಖರ್ಚು ಹಂಚಿಹೋಗುತ್ತದೆ, ಧೈರ್ಯವೂ ಇರುತ್ತದೆ. ಆದರೆ ಗುಂಪು ಕಟ್ಟುವಾಗ ಒಂದೇ ಬಗೆಯವರು ಇರಲಿ. ನಾವು ನರ್ಸು, ಡ್ರೈವರ್, ಲ್ಯಾಬ್, ಹೊರಗುತ್ತಿಗೆಯವರು ಎಲ್ಲರೂ ಸೇರಿ ಒಂದೇ ಅರ್ಜಿ ಹಾಕಿದೆವು. ಜೊತೆಗಿದ್ದವರನ್ನು ಬಿಟ್ಟು ಹೋಗಲು ಮನಸ್ಸು ಬರಲಿಲ್ಲ. ಆದರೆ ನಮ್ಮಲ್ಲಿ ದುರ್ಬಲವಾಗಿದ್ದ ಅಂಶವನ್ನೇ ಹಿಡಿದು ಎಲ್ಲರ ಮೇಲೂ ವಾದ ಮಾಡಿದರು, ಕೊನೆಗೆ ಬೇರೆ ಬೇರೆ ಮಾಡಿ ಹಾಕಬೇಕಾಯಿತು. ಒಬ್ಬೊಬ್ಬರಿಗೂ ಒಂದು ಪ್ರತ್ಯೇಕ ಪಟ್ಟಿ ಮಾಡಿ: ಹೆಸರು, ಹುದ್ದೆ, ಸೇರಿದ ದಿನ, ಆಯ್ಕೆಯ ರೀತಿ, ವಿದ್ಯಾರ್ಹತೆ, ಯಾವ ದಾಖಲೆ ಯಾವ ಪುಟದಲ್ಲಿ. ವಕೀಲರಿಗೆ ಅರ್ಧ ಕೆಲಸ ಅಲ್ಲೇ ಮುಗಿಯುತ್ತದೆ.

ಏನು ಕೇಳಬೇಕು

ಬರೀ "ಖಾಯಂ ಮಾಡಿ" ಅಂತ ಒಂದೇ ಕೋರಿಕೆ ಇಟ್ಟರೆ, ಅದು ಬಿದ್ದರೆ ಎಲ್ಲವೂ ಬಿದ್ದಂತೆ. ಆದ್ದರಿಂದ ಇನ್ನೂ ಮೂರು ಕೋರಿಕೆ ಸೇರಿಸಲು ವಕೀಲರಿಗೆ ಹೇಳಿ.

ಒಂದು, ಕೇಸು ಮುಗಿಯುವವರೆಗೆ ಕೆಲಸದಿಂದ ತೆಗೆಯಬಾರದು ಅಂತ ಮಧ್ಯಂತರ ಆದೇಶ. ನಿಮ್ಮ ಜಾಗಕ್ಕೆ ಇನ್ನೊಬ್ಬ ಗುತ್ತಿಗೆಯವರನ್ನೇ ತರುತ್ತಿದ್ದರೆ 1992ರ ಪಿಯಾರಾ ಸಿಂಗ್ ತೀರ್ಪು ನೆನಪಿಸಿ. ಒಬ್ಬ ತಾತ್ಕಾಲಿಕ ನೌಕರರನ್ನು ತೆಗೆದು ಇನ್ನೊಬ್ಬ ತಾತ್ಕಾಲಿಕರನ್ನು ಕೂರಿಸಬಾರದು, ನಿಯಮದ ಪ್ರಕಾರ ಆಯ್ಕೆಯಾದವರಿಗೆ ಮಾತ್ರ ಜಾಗ ಬಿಡಬೇಕು ಅಂತ ಅದರಲ್ಲಿದೆ. ಇಲ್ಲಿ ಒಂದು ಎಚ್ಚರಿಕೆ ಇದೆ. ಕೋರ್ಟಿನ ಆದೇಶದ ಬಲದ ಮೇಲೆ ಕಳೆದ ವರ್ಷಗಳನ್ನು ಉಮಾದೇವಿಯ ಹತ್ತು ವರ್ಷದ ಲೆಕ್ಕಕ್ಕೆ ಸೇರಿಸುವುದಿಲ್ಲ. ಎರಡು, ಸಮಾನ ಕೆಲಸಕ್ಕೆ ಸಮಾನ ವೇತನ. 2016ರ ಅಕ್ಟೋಬರ್ 26ರ ಜಗಜಿತ್ ಸಿಂಗ್ ತೀರ್ಪಿನ ಪ್ರಕಾರ ಖಾಯಂ ನೌಕರರ ಕೆಲಸವನ್ನೇ ಮಾಡುವ ತಾತ್ಕಾಲಿಕರಿಗೆ ಆ ಹುದ್ದೆಯ ವೇತನ ಶ್ರೇಣಿಯ ಕನಿಷ್ಠ ಮೊತ್ತ ಸಿಗಬೇಕು. ನನ್ನ ಅಭಿಪ್ರಾಯದಲ್ಲಿ ಇದು ಅತಿ ದೊಡ್ಡ ಆಸರೆ, ಖಾಯಂ ಆಗದಿದ್ದರೂ ಮನೆ ನಡೆಯುತ್ತದೆ. ಹೊರಗುತ್ತಿಗೆಯವರಿಗೆ ಇದು ಅಷ್ಟು ಸುಲಭವಾಗಿ ಸಿಗುವುದಿಲ್ಲ. ಮೂರು, ಮುಂದೆ ನೇರ ನೇಮಕಾತಿ ಆದಾಗ ವಯಸ್ಸಿನ ಸಡಿಲಿಕೆ, ಸೇವೆಗೆ ಕೃಪಾಂಕ. ಉಮಾದೇವಿ ತೀರ್ಪೇ ಆ ನೌಕರರಿಗೆ ಇದನ್ನು ಕೊಟ್ಟಿತ್ತು. ಕೇಸು ನಡೆಯುತ್ತಿದೆ ಅಂತ ನೇಮಕಾತಿ ಅಧಿಸೂಚನೆ ಬಂದಾಗ ಅರ್ಜಿ ಹಾಕದೆ ಇರಬೇಡಿ. ಪರೀಕ್ಷೆಗೂ ಓದಿ, ಕೇಸೂ ನಡೆಸಿ.

ಕೇಸು ನಡೆಯುವಾಗ ಬೇಸತ್ತು ರಾಜೀನಾಮೆ ಬರೆಯಬೇಡಿ, ಹಾಜರಿ ತಪ್ಪಿಸಬೇಡಿ. ಖಾಲಿ ಕಾಗದಕ್ಕೆ ಸಹಿ ಕೇಳಿದರೆ ಹಾಕಬೇಡಿ. ಮೌಖಿಕವಾಗಿ "ನಾಳೆಯಿಂದ ಬರಬೇಡಿ" ಅಂದರೆ ಅವತ್ತೇ ಇಮೇಲ್ ಅಥವಾ ಸ್ಪೀಡ್ ಪೋಸ್ಟಿನಲ್ಲಿ "ಇಂಥ ದಿನ, ಇಂಥ ಹೊತ್ತಿಗೆ ಡ್ಯೂಟಿಗೆ ಬಂದೆ, ಬಿಡಲಿಲ್ಲ" ಅಂತ ಬರೆದು ಕಳಿಸಿ.

ಆದೇ‍ಶ ಬಂದ ಮೇಲೆ

ಆದೇಶ ಬಂದ ದಿನ ಎಲ್ಲರೂ ಸಿಹಿ ಹಂಚುತ್ತಾರೆ. ನಾವೂ ಹಂಚಿದೆವು. ಸಂಜೆ ಕೂತು ಓದಿದಾಗ ಕೊನೆಯ ಪ್ಯಾರಾದಲ್ಲಿ ಇದ್ದದ್ದು "ಅರ್ಜಿದಾರರ ಮನವಿಯನ್ನು ಮೂರು ತಿಂಗಳಲ್ಲಿ ಪರಿಗಣಿಸಬೇಕು" ಅಂತ. ಪರಿಗಣಿಸಿ ಅಂದರೆ ಖಾಯಂ ಮಾಡಿ ಅಂತ ಅರ್ಥ ಅಲ್ಲ. ಇಲಾಖೆ ಪರಿಗಣಿಸಿತು, ತಿರಸ್ಕರಿಸಿತು, ಹಿಂಬರಹ ಕೊಟ್ಟಿತು, ನಾವು ಮತ್ತೆ ಮೊದಲಿನಿಂದ ಶುರು ಮಾಡಿದೆವು. ಹಾಗಾಗಿ ವಾದ ನಡೆಯುವಾಗಲೇ ವಕೀಲರಿಗೆ ಹೇಳಿ: ಬರೀ ಪರಿಗಣಿಸಿ ಅನ್ನುವ ಆದೇಶ ಬೇಡ, ಸ್ಪಷ್ಟ ನಿರ್ದೇಶನವನ್ನೇ ಕೇಳಿ. ಅದು ಆಗದಿದ್ದರೆ ಯಾವ ತೀರ್ಪಿನ ಬೆಳಕಿನಲ್ಲಿ, ಯಾವ ದಾಖಲೆ ನೋಡಿ, ಎಷ್ಟು ದಿನದೊಳಗೆ ಅಂತಲಾದರೂ ಬರೆಸಲು ಪ್ರಯತ್ನ ಮಾಡಿ. ತಿರಸ್ಕರಿಸಿದ ಹಿಂಬರಹ ಬಂದರೆ ಅದನ್ನು ಪ್ರಶ್ನಿಸಬಹುದು, ಅದಕ್ಕೆ ಮತ್ತೆ ಹೊಸ ಗಡುವು ಶುರು.

ಸರ್ಕಾರ ಮೇಲ್ಮನವಿ ಹೋಗುವುದು ಹೆಚ್ಚುಕಡಿಮೆ ಖಚಿತ. ಅದಕ್ಕೆ ಮನಸ್ಸು ಗಟ್ಟಿ ಮಾಡಿಕೊಂಡಿರಿ, ವಕೀಲರ ಹತ್ತಿರ ಕೇವಿಯಟ್ ಹಾಕಿಸಿ, ನಿಮ್ಮ ಮಾತು ಕೇಳದೆ ತಡೆಯಾಜ್ಞೆ ಸಿಗದಂತೆ.

ಮೇಲ್ಮನವಿಯೂ ಇಲ್ಲ, ಜಾರಿಯೂ ಇಲ್ಲ ಅನ್ನುವ ಸ್ಥಿತಿ ಬಂದರೆ ನ್ಯಾಯಾಂಗ ನಿಂದನೆ ಅರ್ಜಿ. ಅದಕ್ಕೂ ಗಡುವು ಒಂದೇ ವರ್ಷ. ನಮ್ಮ ಜೊತೆಗಿದ್ದ ಇಬ್ಬರು "ಆಫೀಸಿನಲ್ಲಿ ಫೈಲು ನಡೀತಿದೆ, ಸ್ವಲ್ಪ ತಡೀರಿ" ಅನ್ನುವ ಮಾತು ನಂಬಿ ಹದಿನಾಲ್ಕು ತಿಂಗಳು ಕಾದರು. ಫೈಲು ನಡೆಯಲಿಲ್ಲ, ವರ್ಷವೂ ಕಳೆಯಿತು. ಆದ್ದರಿಂದ ಆದೇಶದ ದೃಢೀಕೃತ ನಕಲು ಸಿಕ್ಕ ದಿನವೇ ಒಂದು ಕವರಿಂಗ್ ಲೆಟರ್ ಜೊತೆ ಟಪಾಲಿಗೆ ಕೊಡಿ, ಮೊಹರು ಹಾಕಿಸಿ. ಕೋರ್ಟು ಕೊಟ್ಟ ಕಾಲ ಯಾವತ್ತಿಗೆ ಮುಗಿಯುತ್ತದೆ ಅಂತ ಆ ಪ್ರತಿಯ ಮೇಲೇ ದಿನಾಂಕ ಬರೆಯಿರಿ. ಅಲ್ಲಿಂದ ಒಂಬತ್ತು ತಿಂಗಳಿಗೆ ಇನ್ನೊಂದು ದಿನಾಂಕ ಬರೆಯಿರಿ, ಅಷ್ಟರೊಳಗೆ ಜಾರಿ ಆಗದಿದ್ದರೆ ಅವತ್ತೇ ವಕೀಲರ ಆಫೀಸಿಗೆ ಹೋಗಿ.